ಹಾಟ್ ಟಬ್ ಕೂರಿಸಲು ಹಿತ್ತಲಲ್ಲಿ ಕಾಂಕ್ರೀಟ್ ಸ್ಲ್ಯಾಬ್

ಎರಡು ಮೀಟರ್ ಚೌಕದ, ಆರು ಜನ ಬಿಸಿನೀರಲ್ಲಿ ಕೂರುವ ಹಾಟ್ ಟಬ್ ಖಾಲಿ ಇದ್ದಾಗ ಸುಮಾರು 350 ಕೆಜಿ ತೂಗುತ್ತದೆ. 1,300 ಲೀಟರ್ ನೀರು ತುಂಬಿ ಆರು ಜನ ಇಳಿದರೆ ಎರಡು ಟನ್ ದಾಟುತ್ತದೆ, ಅಂದರೆ ಚದರ ಮೀಟರಿಗೆ 500 ಕೆಜಿ ಚಿಲ್ಲರೆ. ಇದನ್ನು ಹೊರುವುದು ಕಾಂಕ್ರೀಟಿಗೆ ಕಷ್ಟವೇನಲ್ಲ. ಕೈಕೊಡುವುದು ಅದರಡಿಯ ಮಣ್ಣು. ಒಂದು ಮೂಲೆ ಕುಸಿದರೆ ಟಬ್ಬಿನ ತಳ ತಿರುಚಿಕೊಂಡು ಅಕ್ರಿಲಿಕ್ ಬಿರುಕು ಬಿಡುತ್ತದೆ. ಆ ಹಾನಿಯನ್ನು ಹೆಚ್ಚಿನ ಕಂಪನಿಗಳು ವಾರಂಟಿಗೆ ಸೇರಿಸುವುದಿಲ್ಲ.

ಸ್ಲ್ಯಾಬ್ ಅಳತೆ 2.4 × 2.4 ಮೀಟರ್, ದಪ್ಪ 125 ಎಂಎಂ ಇರಲಿ. ಟಬ್ಬಿನ ಮೋಟರ್ ಇರುವ ಬಾಗಿಲು ಬರುವ ಬದಿಯಲ್ಲಿ ರಿಪೇರಿಯವರು ಕೂತು ಕೆಲಸ ಮಾಡಲು 60 ಸೆಂ.ಮೀ. ಜಾಗ ಬಿಡಿ. ಗೂಟ ಹೊಡೆದು ದಾರ ಕಟ್ಟಿದ ಮೇಲೆ ಎರಡೂ ಕರ್ಣ ಅಳೆಯಿರಿ. ಎರಡೂ 3.39 ಮೀಟರ್ ಬಂದರೆ ಮೂಲೆಮಟ್ಟ ಸರಿ.

ನಾಲ್ಕೂ ಕಡೆ 15 ಸೆಂ.ಮೀ. ಹೆಚ್ಚಾಗಿ, 175 ಎಂಎಂ ಆಳ ಅಗೆಯಿರಿ: 100 ಎಂಎಂ ಜಲ್ಲಿಗೆ, 75 ಸ್ಲ್ಯಾಬಿಗೆ. ಉಳಿದ 50 ಎಂಎಂ ನೆಲದಿಂದ ಮೇಲಿರಬೇಕು, ಇಲ್ಲದಿದ್ದರೆ ಮಳೆನೀರು ನೇರ ಮೋಟರಿನ ಬುಡಕ್ಕೆ ಹೋಗುತ್ತದೆ. ಅಗೆದ ತಳಕ್ಕೆ ಹಾರೆಯನ್ನು ಸುಮ್ಮನೆ ಒತ್ತಿ ನೋಡಿ. ಸಲೀಸಾಗಿ ಇಳಿದರೆ ಅದು ಭರ್ತಿ ಮಣ್ಣು, ಗಟ್ಟಿ ನೆಲ ಸಿಗುವವರೆಗೆ ತೆಗೆದು ಜಲ್ಲಿ ತುಂಬಿ. ಎರೆಮಣ್ಣು ನೀರು ಕುಡಿದಾಗ ಉಬ್ಬುತ್ತದೆ, ಒಣಗಿದಾಗ ಕುಗ್ಗುತ್ತದೆ. ಅಂಥ ನೆಲದಲ್ಲಿ ಈ ಅಳತೆಗಳನ್ನು ನಂಬಬೇಡಿ, ಎಂಜಿನಿಯರನ್ನು ಕೇಳಿ. ಪುಡಿ ಬೆರೆತ ಜಲ್ಲಿಯನ್ನು 50 ಎಂಎಂ ಪದರವಾಗಿ ಹರಡಿ, ಸ್ವಲ್ಪ ನೀರು ಚಿಮುಕಿಸಿ, ಒಂದೊಂದು ಪದರವನ್ನೂ ಬೇರೆಯಾಗಿ ದಮ್ಮಸು ಮಾಡಿ. ಎಲ್ಲವನ್ನೂ ಒಮ್ಮೆಗೇ ಸುರಿದರೆ ಮೇಲ್ಭಾಗ ಮಾತ್ರ ಗಟ್ಟಿಯಾಗುತ್ತದೆ.

ಹಲಗೆ ಕಟ್ಟಿ ಟ್ಯೂಬ್ ಲೆವೆಲ್‌ನಿಂದ (ನೀರು ತುಂಬಿದ ಪಾರದರ್ಶಕ ಪೈಪ್) ನಾಲ್ಕೂ ಮೂಲೆ ಒಂದೇ ಮಟ್ಟಕ್ಕೆ ತನ್ನಿ. ನೀರು ಹರಿಯಲೆಂದು ಸ್ಲ್ಯಾಬಿಗೆ ಇಳಿಜಾರು ಕೊಡುವ ಚಾಳಿ ಇಲ್ಲಿ ಬೇಡ. ಇಳಿಜಾರು ಸುತ್ತಲಿನ ನೆಲಕ್ಕಿರಲಿ. ಪಕ್ಕದಲ್ಲಿ ಮನೆ ಗೋಡೆಯಿದ್ದರೆ ನಡುವೆ 12 ಎಂಎಂ ಥರ್ಮಾಕೋಲ್ ಪಟ್ಟಿ ನಿಲ್ಲಿಸಿ. ಕರೆಂಟ್ ಪೈಪನ್ನೂ ಈಗಲೇ, ಟಬ್ಬಿನ ಕೈಪಿಡಿ ತೋರಿಸಿದ ಜಾಗಕ್ಕೇ ಹಾಕಿ.

ಪ್ಲಾಸ್ಟಿಕ್ ಶೀಟ್ ಹಾಸಿ, ಮೇಲೆ 8 ಎಂಎಂ ಕಂಬಿಯನ್ನು ಎರಡೂ ದಿಕ್ಕಿಗೆ ತಲಾ 13 ತುಂಡಿನಂತೆ ಕಟ್ಟಿ. ಒಟ್ಟು 24 ಕೆಜಿಯಷ್ಟು ಬೇಕು. ಕಂಬಿಯನ್ನು ಎತ್ತಿ ಹಿಡಿಯಲು ಅದರ ಕೆಳಗೆ 50 ಎಂಎಂ ಕವರ್ ಬ್ಲಾಕ್ (ಚಿಕ್ಕ ಕಾಂಕ್ರೀಟ್ ತುಂಡು) ಇಡಿ. ಕಂಬಿಯನ್ನು ನೆಲದ ಮೇಲೆ ಬಿಟ್ಟು, ಕಾಂಕ್ರೀಟ್ ಸುರಿಯುವಾಗ ಮೇಲಕ್ಕೆ ಎಳೆದುಕೊಂಡರಾಯಿತು ಎನ್ನುವವರಿದ್ದಾರೆ. ಎಳೆದದ್ದು ಮೇಲೆ ನಿಲ್ಲುವುದಿಲ್ಲ, ತುಳಿದ ಕೂಡಲೇ ಮತ್ತೆ ತಳ ಸೇರುತ್ತದೆ.

ಕಾಂಕ್ರೀಟ್ 0.72 ಘನ ಮೀಟರ್ ಆಗುತ್ತದೆ. 1:1.5:3 ಮಿಶ್ರಣಕ್ಕೆ ಸಿಮೆಂಟ್ 6 ಚೀಲ, ಮರಳು 0.30 ಘನ ಮೀಟರ್, 20 ಎಂಎಂ ಜಲ್ಲಿ 0.60 ಘನ ಮೀಟರ್. ಪೋಲಾಗುವುದಕ್ಕೆಂದು ಶೇಕಡಾ 10 ಹೆಚ್ಚು ತರಿಸಿ. 50 ಕೆಜಿ ಚೀಲಕ್ಕೆ ನೀರು 25 ಲೀಟರ್ ಮೀರಬಾರದು, ಮರಳು ಒದ್ದೆಯಿದ್ದರೆ ಇನ್ನೂ ಕಡಿಮೆ. ಎಳೆಯಲು ಸಲೀಸಾಗಲಿ ಎಂದು ಮೇಲೆ ಹಾಕುವ ಒಂದೆರಡು ಬಕೆಟ್ ನೀರೇ ಸ್ಲ್ಯಾಬಿನ ಬಲ ತಿನ್ನುವುದು.

ಒಂದೇ ಓಟದಲ್ಲಿ ಸುರಿದು, ಮೂಲೆಗಳನ್ನು ಚೆನ್ನಾಗಿ ಕುಟ್ಟಿ, ಮಟ್ಟಗೋಲು ಎಳೆಯಿರಿ. ಮೇಲೆ ನೀರಿನ ಹೊಳಪು ಕಾಣುತ್ತಿರುವಾಗ ಕರಣೆ ಮುಟ್ಟಿಸಬೇಡಿ. ಅದು ಒಣಗಲೆಂದು ಸಿಮೆಂಟ್ ಪುಡಿ ಉದುರಿಸಿದರೆ ಮೇಲ್ಪದರ ಹಕ್ಕಳೆಯಾಗಿ ಏಳುತ್ತದೆ. ಹೊಳಪು ಆರಿದ ಮೇಲೆ ಕರಣೆ ಆಡಿಸಿ, ಪೊರಕೆಯಿಂದ ಲಘುವಾಗಿ ಗೆರೆ ಎಳೆಯಿರಿ, ಒದ್ದೆ ಕಾಲು ಜಾರುವುದಿಲ್ಲ.

ಮಾರನೆಯ ದಿನದಿಂದ ಗೋಣಿಚೀಲ ಹೊದಿಸಿ 10 ದಿನ ಒದ್ದೆಯಾಗಿಡಿ. ಟಬ್ ತುಂಬಿಸಲು 28 ದಿನ ಕಾಯಿರಿ. ಅಷ್ಟರಲ್ಲಿ ಎಲೆಕ್ಟ್ರಿಷಿಯನ್ನಿಂದ ಪ್ರತ್ಯೇಕ ಲೈನ್, 30 ಮಿಲಿಆಂಪಿಯರ್ ಆರ್‌ಸಿಸಿಬಿ (ಕರೆಂಟ್ ಸೋರಿದರೆ ತಾನೇ ಲೈನ್ ಕಡಿಯುವ ಸ್ವಿಚ್), ಅರ್ತಿಂಗ್ ಮಾಡಿಸಿ.

ಟಬ್ ಇಳಿಸುವ ಮುನ್ನ ಉದ್ದದ ನೇರ ಪಟ್ಟಿಯನ್ನು ಅಡ್ಡ, ಉದ್ದ, ಓರೆಯಾಗಿ ಇಟ್ಟು ನೋಡಿ. ತಗ್ಗು ಕಂಡರೆ ತಾನೇ ಹರಡಿ ಮಟ್ಟವಾಗುವ ಸೆಲ್ಫ್ ಲೆವೆಲಿಂಗ್ ಸಿಮೆಂಟ್ ತುಂಬಿ. ಮೂಲೆಯಡಿ ಮರದ ಚೂರು ಸಿಕ್ಕಿಸಿದರೆ ಇಡೀ ಭಾರ ಆ ಚೂರಿನ ಮೇಲೆಯೇ ಕೂರುತ್ತದೆ.