ಹೆಸರು ಬದಲಿಸಿದರೆ ಸಾಲದು: ಲೈಂಗಿಕ ದೌರ್ಜನ್ಯದ ಸುದ್ದಿ ಬರೆಯುವುದು ಹೇಗೆ?

‘ಹೆಸರು ಬದಲಿಸಲಾಗಿದೆ’ ಎಂದು ಹಾಕಿ, ಅದರ ಕೆಳಗೇ ತಾಂಡಾದ ಹೆಸರು, ಹುಡುಗಿಯ ತರಗತಿ, ಪುಣೆಗೆ ಗುಳೆ ಹೋದ ತಂದೆ-ತಾಯಿಯ ವಿಷಯ ಬರೆದರೆ ಏನು ಬಂತು? ಯಾದಗಿರಿ ಕಡೆಯ 30–40 ಮನೆಗಳ ತಾಂಡಾದಲ್ಲಿ ಒಂಬತ್ತನೇ ತರಗತಿಯ ಹುಡುಗಿಯರು ಎಷ್ಟು ಮಂದಿ ಇದ್ದಾರು?

ಹಾಗಾಗಿ ವರದಿ ಬರೆದ ಮೇಲೆ ಮೊದಲ ಕೆಲಸ, ತೆಗೆಯುವುದು. ಊರಿನ ಹೆಸರು ತೆಗೆದು ತಾಲ್ಲೂಕು ಇಡಿ. ಅದರಿಂದಲೂ ಗುರುತು ಹತ್ತುವಂತಿದ್ದರೆ ಜಿಲ್ಲೆ ಸಾಕು. ಶಾಲೆ, ಹಾಸ್ಟೆಲ್, ತಂದೆಯ ಕಸುಬು ಅಳಿಸಿ. ಆರೋಪಿ ಸೋದರಮಾವನೋ ಚಿಕ್ಕಪ್ಪನೋ ಆಗಿದ್ದರೆ ಅವನ ಹೆಸರೂ ಬೇಡ. ‘ಇದು ಅವನನ್ನು ಕಾಪಾಡಿದಂತಲ್ಲವೇ?’ ಎಂದು ಕೇಳುವವರಿದ್ದಾರೆ. ಅಲ್ಲ. ಅವನ ಹೆಸರು ಎಫ್‌ಐಆರ್‌ನಲ್ಲಿದೆ, ಕೋರ್ಟಿನಲ್ಲಿದೆ. ಇಷ್ಟಾದ ಮೇಲೆ ಉಳಿದ ಪತ್ರಿಕೆಗಳನ್ನೂ ನೋಡಿ. ಒಂದರಲ್ಲಿ ಊರು, ಇನ್ನೊಂದರಲ್ಲಿ ತಂದೆಯ ಕಸುಬು ಬಂದಿದ್ದರೆ ನೀವು ಹಾಕುವ ವಯಸ್ಸೊಂದೇ ಸಾಕು, ಗುರುತು ಪೂರ್ತಿಯಾಗುತ್ತದೆ.

ಕಾನೂನು ನೆನಪಿರಲಿ. ಗುರುತು ಬಹಿರಂಗಪಡಿಸಿದರೆ ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಂ ಪ್ರಕಾರ 2 ವರ್ಷದವರೆಗೆ ಜೈಲು ಮತ್ತು ದಂಡ. ಮಕ್ಕಳ ವಿಷಯದಲ್ಲಿ ಪೋಕ್ಸೊ ಕಾಯ್ದೆಯ 23ನೇ ಕಲಂ ಶಾಲೆ, ನೆರೆಹೊರೆಯನ್ನೂ ಬರೆಯಬಾರದೆನ್ನುತ್ತದೆ. ‘ತಂದೆಯೇ ಒಪ್ಪಿದ್ದಾರೆ’ ಎಂಬ ಮಾತು ನಡೆಯದು. ವಿಶೇಷ ನ್ಯಾಯಾಲಯದ ಅನುಮತಿ ಬೇಕು, ಅದೂ ಮಗುವಿನ ಹಿತಕ್ಕಾದರೆ ಮಾತ್ರ. ಸಂತ್ರಸ್ತೆ ತೀರಿಕೊಂಡರೂ ಈ ರಕ್ಷಣೆ ಇದೆ ಎಂದು ನಿಪುಣ್ ಸಕ್ಸೇನಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿದೆ. ಎಫ್‌ಐಆರ್ ಪ್ರತಿಯನ್ನು ವಾಟ್ಸ್ಆ್ಯಪ್ ಗುಂಪಿಗೆ ಹಾಕುವ ಚಟವನ್ನೂ ಬಿಡಬೇಕು.

ಯೂಟ್ಯೂಬ್ ಚಾನೆಲ್‌ನವರು ಮುಖ ಮಸುಕು ಮಾಡಿ ಸುಮ್ಮನಾಗುತ್ತಾರೆ. ದನಿ, ಬಾಗಿಲು, ಪಕ್ಕದ ಗುಡಿ ಹಾಗೇ ಕಾಣುತ್ತಿರುತ್ತವೆ. ಚಾನೆಲ್ ಹೆಸರು ಬರೆದ ಗಾಡಿ ಮನೆ ಮುಂದೆ ನಿಂತರೆ ಕ್ಯಾಮೆರಾ ಹೊರಗೆ ಬರುವ ಮೊದಲೇ ಓಣಿಗೆಲ್ಲ ಗೊತ್ತು. ಮನೆಗೆ ಹೋಗಬೇಡಿ. ಅವರೇ ಮಾತಾಡಲು ಬಂದರೂ ನಡೆದದ್ದನ್ನು ಮತ್ತೆ ಮೊದಲಿಂದ ಹೇಳಿಸಬೇಡಿ. ಠಾಣೆಯಲ್ಲಿ ದೂರು ತಕ್ಷಣ ತೆಗೆದುಕೊಂಡರೇ, ವೈದ್ಯಕೀಯ ಪರೀಕ್ಷೆ ಯಾವಾಗ ಆಯಿತು, ಪರಿಹಾರ ಬಂತೇ ಎಂದು ಕೇಳಿ. ಸುದ್ದಿ ಇರುವುದೇ ಅಲ್ಲಿ. ಬಟ್ಟೆ, ಹೊತ್ತು, ‘ಪ್ರೀತಿಸುತ್ತಿದ್ದರಂತೆ’ ಇವು ಯಾವುದೂ ಬೇಡ.

ನಾಟಕದವರಿಗೂ ಒಂದು ಮಾತು. ಕಲಬುರಗಿ ಸೀಮೆಯ ಜಾತ್ರೆಗಳಲ್ಲಿ ಸಾಮಾಜಿಕ ನಾಟಕ ಇನ್ನೂ ಜೋರು. ಅತ್ಯಾಚಾರದ ದೃಶ್ಯವನ್ನು ಸಿಳ್ಳೆಗಾಗಿ ಎಳೆಯುವುದು ನಾಟಕಕಾರನ ಸೋಲು. ಕಥೆಗೆ ಅದು ಬೇಕೇ ಬೇಕಾದರೆ ಬಾಗಿಲು ಮುಚ್ಚುವಲ್ಲಿಗೆ ಪರದೆ ಎಳೆಯಿರಿ. ಹೊರಗಿನಿಂದ ಕರೆಸುವ ನಟಿಗೆ ಒಪ್ಪಂದದ ದಿನವೇ ದೃಶ್ಯ ವಿವರಿಸಿ. ರಂಗದ ಮೇಲೆ ಯಾರು ಎಲ್ಲಿ ಮುಟ್ಟುತ್ತಾರೆ ಎಂಬುದು ತಾಲೀಮಿನಲ್ಲೇ ತೀರ್ಮಾನವಾಗಿರಲಿ. ಕೊನೆಯಲ್ಲಿ ಪಂಚಾಯ್ತಿ ಸೇರಿಸಿ ಅತ್ಯಾಚಾರಿಗೇ ಮದುವೆ ಮಾಡಿಸಿ ‘ಶುಭಂ’ ಹಾಡಬೇಡಿ.

ಸುದ್ದಿಯ ಕೆಳಗೆ ಮಹಿಳಾ ಸಹಾಯವಾಣಿ 181, ಮಕ್ಕಳ ಸಹಾಯವಾಣಿ 1098, ತುರ್ತಿಗೆ 112 ಹಾಕಿ. ಗುರುತು ಕಣ್ತಪ್ಪಿ ಹೋಗಿದ್ದರೆ ಇ-ಪೇಪರ್, ಫೇಸ್‌ಬುಕ್, ಯೂಟ್ಯೂಬ್ ಎಲ್ಲ ಕಡೆಯಿಂದ ಕೂಡಲೇ ತೆಗೆಯಿರಿ. ತಿದ್ದುಪಡಿ ಹಾಕುವಾಗ ಆ ವಿವರವನ್ನೇ ಮತ್ತೆ ಅಚ್ಚು ಮಾಡಬೇಡಿ.