ಕೂಡಿದ ಮೂಳೆ, ಉಳಿದ ಕುಂಟು: ಸೀಕ್ವೆಲಾ ಕೋಡ್ ನಾನು ಹಾಕುವ ರೀತಿ

ಬಾಗಲಕೋಟೆಯ ನವನಗರದಲ್ಲಿ ಮನೆಯಿಂದಲೇ ಮೆಡಿಕಲ್ ಕೋಡಿಂಗ್ ಮಾಡುತ್ತೇನೆ, ಅಂದರೆ ರೋಗಿಯ ದಾಖಲೆ (ಚಾರ್ಟ್) ಓದಿ ರೋಗಗಳನ್ನು ಕೋಡುಗಳಾಗಿ ಬರೆಯುವ ಕೆಲಸ. ಅಮೆರಿಕದ ಮೂಳೆ ಡಾಕ್ಟರುಗಳ ಚಾರ್ಟ್‌ಗಳು ನನ್ನ ಪಾಲಿಗೆ ಬರುತ್ತವೆ. ಹೊಸಬರು ಜಾಸ್ತಿ ತಡವರಿಸುವುದು ಸೊಂಟದ ಮೂಳೆ ಮುರಿತದ ಹಳೆ ಕೇಸುಗಳಲ್ಲಿ. ಮುರಿದ ದಿನದ ಕೋಡ್ ಸುಲಭ. ಅದೇ ರೋಗಿ ವರ್ಷ ಕಳೆದ ಮೇಲೆ ಕುಂಟುತ್ತಾ ಬಂದರೆ ಏನು ಹಾಕಬೇಕು? ನಾನು ಮಾಡುವ ರೀತಿ ಇಲ್ಲಿದೆ.

ಕೋಡಿಂಗ್‌ಗೆ ಬರುವ ಮೊದಲು ಆರ್ಥೋ ವಾರ್ಡಿನಲ್ಲಿ ನರ್ಸ್ ಆಗಿದ್ದೆ. ಬೀಳಗಿ, ಹುನಗುಂದ ಕಡೆಯ ಅಜ್ಜಿಯರು ಬಚ್ಚಲಲ್ಲಿ ಜಾರಿ ಬಿದ್ದು ಬರುತ್ತಿದ್ದರು. ರಾಡ್ ಹಾಕಿಸಿಕೊಂಡು ಮನೆಗೆ ಹೋಗುತ್ತಿದ್ದರು. ತಿಂಗಳುಗಳ ನಂತರ ತೋರಿಸಲು ಬಂದಾಗ ಎಕ್ಸ್‌ರೇ ಚೆನ್ನಾಗಿರುತ್ತಿತ್ತು. ಆದರೂ ಮುಖದಲ್ಲಿ ಸಮಾಧಾನ ಇರುತ್ತಿರಲಿಲ್ಲ. "ಮೂಳಿ ಕೂಡೇತಿ ಅಂತಾರ್ರಿ ಸಿಸ್ಟರ್, ಆದ್ರ ಕಾಲ ಗಿಡ್ಡ ಆಗೇತ್ರಿ" ಅನ್ನುತ್ತಿದ್ದರು. ಸೀಕ್ವೆಲಾ ಅಂದರೆ ಇದೇ. ಪೆಟ್ಟು ವಾಸಿಯಾಗಿದೆ, ಅದು ಬಿಟ್ಟುಹೋದ ತೊಂದರೆ ಉಳಿದಿದೆ.

ಅಮೆರಿಕದಲ್ಲಿ 2015ರ ಅಕ್ಟೋಬರ್ 1ರಿಂದ ಐಸಿಡಿ-10-ಸಿಎಂ ಅನ್ನುವ ರೋಗಗಳ ಕೋಡ್ ಪಟ್ಟಿ ಜಾರಿಯಲ್ಲಿದೆ. ಅದರಲ್ಲಿ ತೊಡೆಮೂಳೆಯ ಮುರಿತಗಳು ಎಸ್72ರ ಕೆಳಗೆ ಬರುತ್ತವೆ; ನಾವು ಸೊಂಟದ ಮುರಿತ ಅನ್ನುವುದು ಈ ಮೂಳೆಯ ಮೇಲ್ತುದಿಯ ಮುರಿತವನ್ನೇ. ಕೋಡಿನ ಏಳನೇ ಅಕ್ಷರ ರೋಗಿ ಯಾವ ಹಂತದಲ್ಲಿದ್ದಾರೆ ಅಂತ ಹೇಳುತ್ತದೆ. ಮುಚ್ಚಿದ (ಚರ್ಮ ಹರಿಯದ) ಮುರಿತಕ್ಕೆ ಚಿಕಿತ್ಸೆ ನಡೆಯುತ್ತಿದ್ದರೆ 'ಎ'. ಚಿಕಿತ್ಸೆ ಮುಗಿದು ಸರಿಯಾಗಿ ಕೂಡುತ್ತಿದ್ದರೆ 'ಡಿ'. ನಿಧಾನವಾಗಿ ಕೂಡುತ್ತಿದ್ದರೆ 'ಜಿ'. ಕೂಡದೇ ಹೋದರೆ 'ಕೆ'. ಅಡ್ಡಾದಿಡ್ಡಿ ಕೂಡಿದರೆ 'ಪಿ'. ಸೀಕ್ವೆಲಾಗೆ 'ಎಸ್'.

ಒಂದು ಚಾರ್ಟ್ ತೆಗೆದುಕೊಳ್ಳೋಣ. ರೋಗಿಯ ಗುರುತು ಸಿಗದಂತೆ ವಿವರ ಬದಲಿಸಿದ್ದೇನೆ. ಎಪ್ಪತ್ತು ದಾಟಿದ ಹೆಂಗಸು. ಹಿಂದಿನ ವರ್ಷ ಬಲಗಡೆ ಇಂಟರ್‌ಟ್ರೊಕ್ಯಾಂಟೆರಿಕ್ ಮುರಿತ (ತೊಡೆಮೂಳೆಯ ಕುತ್ತಿಗೆಗಿಂತ ಸ್ವಲ್ಪ ಕೆಳಗೆ), ರಾಡ್ ಹಾಕಿದ್ದಾರೆ. ಈಗ ಬಲಗಾಲು ಎರಡು ಸೆಂಟಿಮೀಟರ್ ಗಿಡ್ಡ. ಡಾಕ್ಟರ್ ಬೂಟಿನೊಳಗೆ ಲಿಫ್ಟ್ (ಕಾಲು ಎತ್ತರಿಸುವ ಪ್ಯಾಡ್) ಬರೆದುಕೊಟ್ಟಿದ್ದಾರೆ. ನೋಟ್‌ನ ಕೊನೆಯಲ್ಲಿ, ವಾಸಿಯಾದ ಹಳೆಯ ಮುರಿತದಿಂದ ಕಾಲಿನ ಉದ್ದ ಕಡಿಮೆಯಾಗಿದೆ ಅಂತ ಒಂದು ಸಾಲಿದೆ. ನನಗೆ ಬೇಕಾದ್ದು ಆ ಒಂದು ಸಾಲು. ಅದಕ್ಕೇ ನಾನು ನೋಟನ್ನು ಕೆಳಗಿನಿಂದ ಓದುತ್ತೇನೆ. ಡಾಕ್ಟರ್ ಇವತ್ತು ಏನು ತೀರ್ಮಾನ ಮಾಡಿದರು, ಯಾಕೆ ಮಾಡಿದರು ಅನ್ನೋದು ಅಲ್ಲಿರುತ್ತದೆ. ಮೇಲಿನ ಭಾಗದ ಚರಿತ್ರೆ ಎಷ್ಟೋ ಸಲ ಹಳೆ ನೋಟಿನಿಂದ ಕಾಪಿ ಆಗಿರುತ್ತದೆ.

ಇಲ್ಲಿ ಎರಡು ಕೋಡ್ ಬೇಕು, ಕ್ರಮವೂ ಮುಖ್ಯ. ಇವತ್ತಿನ ತೊಂದರೆ ಮೊದಲು: ಎಂ21.751, ಅಂದರೆ ಬಲ ತೊಡೆಮೂಳೆ ಗಿಡ್ಡ. ಅದಕ್ಕೆ ಕಾರಣವಾದ ಪೆಟ್ಟು ಆಮೇಲೆ: ಎಸ್72.141ಎಸ್. ಕೊನೆಯ 'ಎಸ್' ಮುರಿತದ ಕೋಡಿಗೆ ಮಾತ್ರ ಅಂಟುತ್ತದೆ, ಮೊದಲನೆಯದಕ್ಕೆ ಇಲ್ಲ. ಕಾಲಿನ ಉದ್ದದ ಕೋಡಿನಲ್ಲಿ ಬಲ-ಎಡ ಹಾಕುವಾಗ ಗಿಡ್ಡ ಇರುವ ಕಾಲನ್ನೇ ಹಿಡಿಯಬೇಕು ಅಂತ ಪುಸ್ತಕದಲ್ಲೇ ಸೂಚನೆ ಇದೆ. ಬಿದ್ದ ಕಾರಣದ ಕೋಡ್ ಹಾಕುವುದಾದರೆ ಅದಕ್ಕೂ 'ಎಸ್' ಬರುತ್ತದೆ. ಎಡವಿ ಬಿದ್ದಿದ್ದರೆ ಡಬ್ಲ್ಯೂ01.0ಎಕ್ಸ್‌ಎಕ್ಸ್‌ಎಸ್. ಇದು ಎಲ್ಲ ಕಡೆ ಕಡ್ಡಾಯವಲ್ಲ, ಕ್ಲೈಂಟ್ ನಿಯಮ ನೋಡಿಕೊಳ್ಳಿ.

ಮುರಿತ ಎಲ್ಲಿ ಆಗಿತ್ತು ಅಂತ ಗೊತ್ತಿದ್ದರೆ ಏನನ್ನು ಹುಡುಕಬೇಕು ಅಂತಲೂ ಗೊತ್ತಾಗುತ್ತದೆ. ತೊಡೆಮೂಳೆಯ ಕುತ್ತಿಗೆ ಮುರಿದರೆ ಮೇಲಿನ ಚೆಂಡಿಗೆ ಹೋಗುವ ರಕ್ತನಾಳಗಳು ಹರಿಯಬಹುದು. ರಕ್ತ ಸಿಗದ ಚೆಂಡು ಸಾಯುತ್ತದೆ, ನಿಧಾನಕ್ಕೆ ಕುಸಿಯುತ್ತದೆ. ಬಲಗಡೆ ಹೀಗಾಗಿದ್ದರೆ ಎಂ87.251. ಕೀಲು ಸವೆದು ಸಂಧಿವಾತ ಬಂದಿದ್ದರೆ ಎಂ16.51. ಎರಡರ ನಂತರವೂ ಮುರಿತದ ಕೋಡ್ 'ಎಸ್' ಜೊತೆ ಬರುತ್ತದೆ. ಇಂಟರ್‌ಟ್ರೊಕ್ಯಾಂಟೆರಿಕ್ ಜಾಗಕ್ಕೆ ರಕ್ತ ಚೆನ್ನಾಗಿ ಸಿಗುತ್ತದೆ. ಅಲ್ಲಿ ಚೆಂಡು ಸಾಯುವುದು ಅಪರೂಪ, ಕಾಲು ಗಿಡ್ಡ ಆಗುವುದು, ವಾಲಿ ಕೂಡುವುದು ಹೆಚ್ಚು. ವಾರ್ಡಿನಲ್ಲಿ ಕಂಡದ್ದು ಇಲ್ಲಿ ನನ್ನ ಕೈ ಹಿಡಿಯುತ್ತದೆ.

ನನ್ನ ಹತ್ತಿರ ಕಲಿಯುವ ಇಳಕಲ್ಲಿನ ಹುಡುಗಿ ಒಮ್ಮೆ ಕೇಳಿದಳು: "ಅಕ್ಕಾ, ಬಿದ್ದು ಎರಡು ವರ್ಷ ಆಗೇತಿ. ಈಗ ಎಸ್ ಹಾಕೂದಲ್ಲೇನ್ರಿ?" "ವರ್ಷ ಎಣಸಬ್ಯಾಡವಾ, ಮೂಳಿ ಕೂಡೇತೇನ್ ನೋಡು ಮೊದ್ಲ" ಅಂದೆ. ಆ ಚಾರ್ಟ್‌ನಲ್ಲಿ ಮೂಳೆ ಕೂಡಿರಲೇ ಇಲ್ಲ. ಡಾಕ್ಟರ್ ಮತ್ತೆ ಆಪರೇಷನ್ ಮಾಡುವ ಮಾತಾಡುತ್ತಿದ್ದರು. ಅದು 'ಕೆ'. ವಾಲಿ ಕೂಡಿದ್ದಕ್ಕೇ ಚಿಕಿತ್ಸೆ ನಡೆಯುತ್ತಿದ್ದರೆ 'ಪಿ'. ಸೀಕ್ವೆಲಾಗೆ ಕಾಲಮಿತಿ ಇಲ್ಲ ಅಂತ ಮಾರ್ಗಸೂಚಿ ಸ್ಪಷ್ಟವಾಗಿ ಹೇಳುತ್ತದೆ. ಆರು ತಿಂಗಳಿಗೂ ಆಗಬಹುದು, ಇಪ್ಪತ್ತು ವರ್ಷಕ್ಕೂ ಆಗಬಹುದು. ಕ್ಯಾಲೆಂಡರ್ ನೋಡಿ 'ಎಸ್' ಹಾಕುವ ಅಭ್ಯಾಸ ಬಿಡಿಸುವುದಕ್ಕೇ ನನ್ನ ಅರ್ಧ ಪಾಠ ಹೋಗುತ್ತದೆ.

ವಯಸ್ಸಾದವರ ಚಾರ್ಟ್‌ನಲ್ಲಿ ನಾನು ತಪ್ಪದೇ ಹುಡುಕುವ ಇನ್ನೊಂದು ಪದ ಆಸ್ಟಿಯೊಪೊರೋಸಿಸ್, ಅಂದರೆ ಮೂಳೆ ಪೊಳ್ಳಾಗುವುದು. ಈ ತೊಂದರೆ ಇದೆ ಅಂತ ಗೊತ್ತಿರುವ ರೋಗಿ, ಗಟ್ಟಿ ಮೂಳೆ ಮುರಿಯಲಾರದಂಥ ಸಣ್ಣ ಬೀಳುವಿಕೆಯಲ್ಲಿ ಸೊಂಟ ಮುರಿದುಕೊಂಡರೆ ಎಸ್72 ಅಲ್ಲ, ಎಂ80 ಬಳಸಬೇಕು. ಬಲ ತೊಡೆಮೂಳೆಯಾದರೆ ಎಂ80.051, ಸೀಕ್ವೆಲಾ ಆದರೆ ಎಂ80.051ಎಸ್. ನಿಂತಲ್ಲೇ ಕುಸಿದು ಬಿದ್ದ ಅಜ್ಜಿಗೆ ಸುಮ್ನೆ ಎಸ್72 ಹಾಕಿದರೆ ಆಕೆಯ ಮೂಳೆ ಪೊಳ್ಳಾಗಿದೆ ಅನ್ನುವ ಮಾತೇ ದಾಖಲೆಯಿಂದ ಕಾಣೆಯಾಗುತ್ತದೆ. ಮುಂದೆ ಇನ್ನೊಂದು ಕಡೆಯ ಸೊಂಟ ಮುರಿಯಬಾರದು ಅಂದರೆ ಆ ಮಾತು ದಾಖಲೆಯಲ್ಲಿ ಇರಲೇಬೇಕು, ಅಲ್ವಾ?

ಕಾರಣದ ಸಂಬಂಧವನ್ನು ಡಾಕ್ಟರ್ ಬರೆಯದಿದ್ದರೆ ನಾನು ಊಹಿಸುವುದಿಲ್ಲ. ಹಳೆ ಮುರಿತ ಅಂತ ಒಂದು ಕಡೆ, ಸೊಂಟ ನೋವು ಅಂತ ಇನ್ನೊಂದು ಕಡೆ ಇದ್ದರೆ ಎರಡನ್ನೂ ಜೋಡಿಸುವ ಅಧಿಕಾರ ಕೋಡರ್‌ಗೆ ಇಲ್ಲ. ಆಗ ಡಾಕ್ಟರಿಗೆ ಕ್ವೆರಿ, ಅಂದರೆ ಲಿಖಿತ ಪ್ರಶ್ನೆ ಕಳಿಸುತ್ತೇನೆ. ಉತ್ತರವನ್ನು ಅವರ ಬಾಯಿಗೆ ತುರುಕದೆ ಕೇಳಬೇಕು. ಬಲ ಸೊಂಟದ ನೋವಿಗೆ ಕಾರಣ ತಿಳಿಸಿ ಅಂತ ಬರೆದು ಆಯ್ಕೆಗಳನ್ನು ಕೊಡುತ್ತೇನೆ: ಹಳೆ ಮುರಿತದ ಪರಿಣಾಮ, ವಯಸ್ಸಿನ ಸವೆತ, ಬೇರೆ ಕಾರಣ, ನಿರ್ಧರಿಸಲು ಆಗದು. ಉತ್ತರ ಬರುವವರೆಗೆ ಚಾರ್ಟ್ ಪಕ್ಕಕ್ಕೆ ಇಡುತ್ತೇನೆ. ದಿನದ ಟಾರ್ಗೆಟ್ ಮೇಲೆ ಕಣ್ಣಿಟ್ಟವರಿಗೆ ಇದು ಕಷ್ಟ, ಆದರೂ ಬೇರೆ ದಾರಿ ಇಲ್ಲ.

ನಮ್ಮ ಕಡೆಯ ಆಸ್ಪತ್ರೆಗಳ ರೆಕಾರ್ಡ್ ವಿಭಾಗದಲ್ಲಿರುವ ಗೆಳತಿಯರೂ ಆಗಾಗ ಕೇಳುತ್ತಾರೆ. ಅವರು ಬಳಸುವುದು ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10. ಅದರಲ್ಲಿ ಏಳನೇ ಅಕ್ಷರದ ಈ ಲೆಕ್ಕ ಇಲ್ಲ. ತೊಡೆಮೂಳೆ ಮುರಿತದ ಸೀಕ್ವೆಲಾಗೆ ಟಿ93.1 ಅಂತ ಬೇರೆ ಕೋಡೇ ಇದೆ. ಅಲ್ಲಿಯೂ ಈಗಿನ ತೊಂದರೆಯೇ ಮುಖ್ಯ ಕೋಡ್, ಟಿ93.1 ಜೊತೆಗೆ ಬರುವುದು.

ಮೂಳೆ ಕೂಡಿದೆ, ರೋಗಿ ಚೆನ್ನಾಗಿ ನಡೆಯುತ್ತಿದ್ದಾರೆ, ಏನೂ ಉಳಿದಿಲ್ಲ ಅಂದರೆ 'ಎಸ್' ಬೇಡವೇ ಬೇಡ. ಪೆಟ್ಟಿನಿಂದಾದ ಮುರಿತ ಹಿಂದೆ ಆಗಿತ್ತು ಅನ್ನಲು ಜೆಡ್87.81 ಇದೆ, ಆಸ್ಟಿಯೊಪೊರೋಸಿಸ್ ಮುರಿತವಾಗಿದ್ದರೆ ಜೆಡ್87.310.