‘ಹದ್ರಿತಕ್’ ಕಿವಿಗೆ ಬಿದ್ದ ಮೇಲೆ

ತಾಮರ್ ಎಲ್ ಸಯೀದ್ ಅವರ ಈಜಿಪ್ಟ್ ಚಿತ್ರಕ್ಕೆ ಕನ್ನಡ ಸಬ್‌ಟೈಟಲ್ ಬರೆಯಲು ಕೂತಾಗ ಸಲೀಸಾಗಿ ದಕ್ಕಿದ್ದು ಹೆಸರೊಂದೇ. ‘ಆಖಿರ್ ಅಯ್ಯಾಮ್ ಇಲ್ ಮದೀನಾ’. ಆಖಿರ್ ನಮ್ಮ ಕಚೇರಿ ಕಡತಗಳ ‘ಆಖೈರು’ ಪದದ ನೆಂಟ. ‘ನಗರದ ಕೊನೆಯ ದಿನಗಳು’ ಎಂದು ಬರೆದು ಮುಂದಕ್ಕೆ ಹೋದೆ. ಉಳಿದದ್ದಕ್ಕೆ ಮೂರು ತಿಂಗಳು ಹಿಡಿಯಿತು. ಅದೂ ಹತ್ತು ಹನ್ನೆರಡು ಗೆಳೆಯರು ಕೂತು ನೋಡುವುದಕ್ಕೆ!

ಖಾಲಿದ್ ಎಂಬ ನಿರ್ದೇಶಕ ಕೈರೊದಲ್ಲಿ ಮನೆ ಹುಡುಕುತ್ತಾ, ಮುಗಿಯದ ಸಿನಿಮಾ ಮುಗಿಸಲು ಒದ್ದಾಡುತ್ತಾನೆ. ಬೈರುತ್, ಬಾಗ್ದಾದ್, ಬರ್ಲಿನ್‌ನ ಗೆಳೆಯರು ತಮ್ಮ ತಮ್ಮ ಊರಿನ ದೃಶ್ಯಗಳನ್ನು ಅವನಿಗೆ ಕಳುಹಿಸುತ್ತಾರೆ. ಚಿತ್ರೀಕರಣ 2010ರ ಡಿಸೆಂಬರ್‌ಗೆ ಮುಗಿಯಿತು. ಮರುತಿಂಗಳೇ ಸರ್ಕಾರದ ವಿರುದ್ಧ ದಂಗೆಯೆದ್ದ ಜನರಿಂದ ಕೈರೊದ ತಹ್ರೀರ್ ಚೌಕ ತುಂಬಿತು. 2016ರಲ್ಲಿ ಬರ್ಲಿನ್‌ನಲ್ಲಿ ತೆರೆಕಂಡ ಚಿತ್ರವನ್ನು ಅದೇ ವರ್ಷ ಕೈರೊ ಚಿತ್ರೋತ್ಸವ ಸ್ಪರ್ಧೆಯಿಂದ ಕೈಬಿಟ್ಟಿತು.

ನನ್ನ ಅರಬ್ಬಿ ಅಷ್ಟಕ್ಕಷ್ಟೆ. ಇಂಗ್ಲಿಷ್ ಸಬ್‌ಟೈಟಲ್ ನೆಚ್ಚಿಕೊಂಡರೆ ಎಲ್ಲರೂ ‘ಯು’. ಮೊದಲ ಕರಡಿನಲ್ಲಿ ಎಲ್ಲರಿಗೂ ‘ನೀವು’ ಹಾಕಿದೆ. ಜೀವದ ಗೆಳೆಯರು ಬ್ಯಾಂಕಿನ ಕೌಂಟರಿನಲ್ಲಿ ನಿಂತವರಂತೆ ಕೇಳಿಸಿದರು. ಅರಬ್ಬಿ ಬಲ್ಲ ಗೆಳೆಯನೊಬ್ಬ ದಾರಿ ತೋರಿಸಿದ. ಕೈರೊದವರು ಸಲುಗೆಯಲ್ಲಿ ಗಂಡಸಿಗೆ ‘ಇನ್ತ’, ಹೆಂಗಸಿಗೆ ‘ಇನ್ತಿ’ ಎನ್ನುತ್ತಾರೆ. ಮರ್ಯಾದೆ ಕೊಡುವಾಗ ‘ಹದ್ರಿತಕ್’, ‘ಹದ್ರಿತಿಕ್’. ಹೆಡ್‌ಫೋನ್ ಹಾಕಿಕೊಂಡು ಇಡೀ ಚಿತ್ರವನ್ನು ಮತ್ತೆ ಕೇಳಿದೆ. ‘ಹದ್ರಿತಕ್’ ಬಿದ್ದ ಕಡೆ ಮಾತ್ರ ‘ನೀವು’. ಅಮ್ಮನಿಗೆ, ಕೇಳಬೇಕೆ, ‘ನೀನು’.

ಇನ್ನೊಂದು ಸಾಹಸ ಮಣ್ಣುಗೂಡಿತು. ಬಾಗ್ದಾದಿನ ಅರಬ್ಬಿ ಬೇರೆ, ಬೈರುತ್‌ನದು ಬೇರೆ. ಹಾಗಾಗಿ ಬಾಗ್ದಾದಿನವನಿಗೆ ಧಾರವಾಡದ ಕನ್ನಡ, ಬೈರುತ್‌ನವನಿಗೆ ಮಂಗಳೂರಿನದು ಕೊಟ್ಟೆ. ಮನೆಯಲ್ಲಿ ತೋರಿಸಿದಾಗ ಅಳು ಬರಬೇಕಾದಲ್ಲಿ ನಗು ಬಂತು. ಆ ಕನ್ನಡಗಳ ತಪ್ಪಲ್ಲ. ಅವನ್ನು ಕೇಳಿದೊಡನೆ ನಗಬೇಕೆಂದು ನಮ್ಮ ಸಿನಿಮಾಗಳೇ ಕಲಿಸಿವೆ. ಎಲ್ಲವನ್ನೂ ಅಳಿಸಿದೆ. ಊರೂರಿನ ವ್ಯತ್ಯಾಸ ಕಳೆದುಹೋಯಿತು ಎಂಬ ಕೊರಗು ಇನ್ನೂ ಇದೆ.

ಒತ್ತಕ್ಷರಗಳ ಬಾಲ ತೆರೆಯ ಅಂಚಿನಲ್ಲಿ ಕತ್ತರಿಸಿ ಹೋಗುತ್ತಿದ್ದುದಕ್ಕೆ ಸಾಲುಗಳನ್ನು ಮೇಲೆತ್ತಿದರೆ ಸಾಕಾಯಿತು. ಕಾಡಿದ್ದು ಕ್ರಿಯಾಪದ. ‘ನಾನು ಈ ಊರು ಬಿಟ್ಟು’ ಎಂಬಲ್ಲಿ ಸಾಲು ಮುಗಿದು, ‘ಹೋಗುವುದಿಲ್ಲ’ ಎಂಬುದು ಮುಂದಿನದರಲ್ಲಿ ಬಂದರೆ, ನಡುವಿನ ಎರಡು ಸೆಕೆಂಡು ನೋಡುಗ ಅವನನ್ನು ವಿಮಾನ ಹತ್ತಿಸಿಬಿಟ್ಟಿರುತ್ತಾನೆ. ಅಂಥ ಕಡೆ ‘ಬಿಡುವುದಿಲ್ಲ, ಈ ಊರನ್ನು’ ಎಂದು ತಿರುಗಿಸಿದೆ. ಮಾತಿನಲ್ಲಿ ನಾವು ಹಾಗೇ ಅನ್ನುವುದಲ್ಲವೇ?

ಪ್ರದರ್ಶನ ಮುಗಿದ ಮೇಲೆ ಹಿರಿಯರೊಬ್ಬರು ಹತ್ತಿರ ಬಂದರು. “ಅವರು ಖಲಾಸ್ ಅಂದಾಗಲೆಲ್ಲ ನೀವು ‘ಮುಗಿಯಿತು’ ಅಂತ ಬರೆದಿದ್ದೀರಲ್ಲ, ಖಲಾಸ್‌ಗೆ ಏನಾಗಿತ್ತು?” ಕನ್ನಡದಲ್ಲಿ ಯಾರನ್ನೋ ಖಲಾಸ್ ಮಾಡಿದರು ಎಂಬ ಅರ್ಥವೂ ಇದೆಯಲ್ಲ ಎಂದೆ. “ಇರಲಿ ಬಿಡಿ” ಎಂದರು. ಆ ರಾತ್ರಿಯೇ ಕಡತ ತೆರೆದು ಒಂದೆರಡು ಕಡೆ ಖಲಾಸ್ ಹಾಕಿದೆ.